ದೊಡ್ಡಪ್ಪನ ಹೇಬಿಯಸ್ ಕಾರ್ಪಸ್

ಪೇಪರ್ ಓದುವ ಅಭ್ಯಾಸ ಇರುವವರು ಈ ಥರದ ತಲೆಬರಹ ನೋಡಿರ್ತೀರಿ: ‘ಪ್ರೇಮವಿವಾಹ: ತಂದೆಯ ಹೇಬಿಯಸ್ ಕಾರ್ಪಸ್ ಅರ್ಜಿ ವಿಲೇವಾರಿ’. ಒಳಪುಟದಲ್ಲಿ, ಯಾವುದೋ ಮೂಲೆಯಲ್ಲಿ ಎಂಟು-ಹತ್ತು ಸಾಲಿನ ಸುದ್ದಿ. ಮಗಳು ಕಾಣೆಯಾಗಿದ್ದಾಳೆ ಅಂತ ಅಪ್ಪ ಹೈಕೋರ್ಟಿಗೆ ಹೋದರು. ಪೊಲೀಸರು ಹುಡುಗಿಯನ್ನು ಹಾಜರುಪಡಿಸಿದರು. ‘ನಾನು ವಯಸ್ಕಳು, ಇಷ್ಟಪಟ್ಟೇ ಮದುವೆಯಾಗಿದ್ದೇನೆ’ ಅಂತ ಹುಡುಗಿ ಹೇಳಿದಳು. ಕೋರ್ಟು ಅರ್ಜಿ ಮುಗಿಸಿತು. ಅಷ್ಟೇ. ನಾನೂ ಎಷ್ಟೋ ವರ್ಷ ಇಂಥ ಸುದ್ದಿ ಓದಿ, ಪಕ್ಕದಲ್ಲಿರೋ ಪದಬಂಧಕ್ಕೆ ಹೋಗ್ತಾ ಇದ್ದೆ. ನಮ್ಮ ಮನೆಯಿಂದಲೇ ಅಂಥದ್ದೊಂದು ಅರ್ಜಿ ಹೋಗುವ ತನಕ...

ಯಾರ ಹೆಸರನ್ನೂ ಬರೆಯೋದಿಲ್ಲ. ಜಾತಿಯನ್ನೂ ಬರೆಯೋದಿಲ್ಲ. (ಊರು ತಿಪಟೂರು ಕಡೆ ಅಂದ ತಕ್ಷಣ ಕೆಲವರು ಲೆಕ್ಕ ಹಾಕೋಕೆ ಶುರು ಮಾಡಿರ್ತೀರಿ. ಅದು ನಮ್ಮೆಲ್ಲರ ಖಾಯಿಲೆ, ಇರಲಿ ಬಿಡಿ.) ತಂಗಿಯನ್ನು ಕೇಳಿಯೇ ಬರೀತಿದ್ದೀನಿ. ‘ಬರಿ ಅಣ್ಣ, ಆದ್ರೆ ನನ್ನನ್ನ ಪಾಪದ ಹುಡುಗಿ ಥರ ಬರೀಬೇಡ’ ಅಂದಿದ್ದಾಳೆ. ತಂಗಿ ಅಂದ್ರೆ ನನ್ನ ದೊಡ್ಡಪ್ಪನ ಮಗಳು.

ಕಥೆಗೆ ಬರುವ ಮುಂಚೆ ಈ ಹೇಬಿಯಸ್ ಕಾರ್ಪಸ್ ಅಂದ್ರೇನು ಅಂತ ಸ್ವಲ್ಪ. ಹೈಸ್ಕೂಲಲ್ಲಿ ಐದು ರಿಟ್‌ಗಳ ಹೆಸರು ಬಾಯಿಪಾಠ ಮಾಡಿದ್ದು ನೆನಪಿರಬಹುದು. ಕನ್ನಡದಲ್ಲಿ ‘ಬಂದೀ ಪ್ರತ್ಯಕ್ಷೀಕರಣ’ ಅಂತ ಬಾಯಿತುಂಬುವ ಪದ. ಲ್ಯಾಟಿನ್ ಮೂಲದ ಅರ್ಥ ಹೆಚ್ಚುಕಡಿಮೆ ‘ಆ ದೇಹವನ್ನು ತಂದು ಎದುರಿಗೆ ನಿಲ್ಲಿಸು’ ಅಂತ. ಯಾರನ್ನಾದರೂ ಕಾನೂನುಬಾಹಿರವಾಗಿ ಕೂಡಿಹಾಕಿದ್ದರೆ ಅವರ ಪರವಾಗಿ ಅಪ್ಪನೋ ಹೆಂಡತಿಯೋ ಸ್ನೇಹಿತನೋ ಸಂವಿಧಾನದ 226ನೇ ವಿಧಿಯಲ್ಲಿ ಹೈಕೋರ್ಟಿಗೆ ಹೋಗಬಹುದು, 32ನೇ ವಿಧಿಯಲ್ಲಿ ಸುಪ್ರೀಂ ಕೋರ್ಟಿಗೆ ಹೋಗಬಹುದು. ಮಿಕ್ಕ ಕೇಸುಗಳು ವರ್ಷಗಟ್ಟಲೆ ಕಾಯುವಾಗ ಇದು ಬೇಗ ವಿಚಾರಣೆಗೆ ಬರುತ್ತೆ, ಯಾಕಂದ್ರೆ ಮನುಷ್ಯನೊಬ್ಬನ ಸ್ವಾತಂತ್ರ್ಯದ ಮಾತು. ನಮ್ಮ ಹೈಕೋರ್ಟಿನಲ್ಲಿ ಈ ಅರ್ಜಿಗಳ ನಂಬರಿನ ಮುಂದೆ ಡಬ್ಲ್ಯು.ಪಿ.ಹೆಚ್.ಸಿ. ಅಂತ ಇರುತ್ತೆ.

ನಮ್ಮ ಕಸುಬಿನ ಭಾಷೆಯಲ್ಲಿ ಹೇಳೋದಾದ್ರೆ ಇದು ಬೂಲಿಯನ್ ಫಂಕ್ಷನ್. ಈ ವ್ಯಕ್ತಿ ಅಕ್ರಮ ಬಂಧನದಲ್ಲಿದ್ದಾರಾ? ಹೌದು ಅಥವಾ ಇಲ್ಲ. ಹೌದಾದರೆ ಬಿಡಿಸು. ಇಲ್ಲವಾದರೆ ಫೈಲು ಮುಚ್ಚು. ಮೂರನೇ ಉತ್ತರ ಇಲ್ಲ.

ಇದರ ಬೆಲೆ ಏನು ಅಂತ ತಿಳಿಯೋಕೆ ತುರ್ತುಪರಿಸ್ಥಿತಿಯ ಕಥೆ ಓದಬೇಕು. 1975ರ ಜೂನ್ 26ರಂದು ವಾಜಪೇಯಿ, ಅಡ್ವಾಣಿ ನಮ್ಮ ಬೆಂಗಳೂರಿನಲ್ಲೇ ಇದ್ದರು. ಇಲ್ಲೇ ಬಂಧನವಾಗಿ, ಇಲ್ಲಿನ ಸೆಂಟ್ರಲ್ ಜೈಲಿಗೆ ಹೋದರು. ಅವರ ಹೇಬಿಯಸ್ ಕಾರ್ಪಸ್ ಅರ್ಜಿ ಹೋಗಿದ್ದೂ ನಮ್ಮ ಹೈಕೋರ್ಟಿಗೇ. ದೇಶದ ಹಲವು ಹೈಕೋರ್ಟುಗಳು ಬಂಧಿತರ ಮಾತು ಕೇಳಬಹುದು ಅಂದಾಗ, 1976ರ ಏಪ್ರಿಲ್ 28ರಂದು ಸುಪ್ರೀಂ ಕೋರ್ಟು ‘ತುರ್ತುಪರಿಸ್ಥಿತಿಯಲ್ಲಿ ಆ ಹಕ್ಕಿಲ್ಲ’ ಅಂತ ನಾಲ್ಕು-ಒಂದರ ಬಹುಮತದಲ್ಲಿ ಹೇಳಿಬಿಟ್ಟಿತು. ಒಪ್ಪದಿದ್ದ ಆ ಒಬ್ಬರು ನ್ಯಾಯಮೂರ್ತಿ ಹೆಚ್.ಆರ್. ಖನ್ನಾ. ಆ ತೀರ್ಪು ಪೂರ್ತಿ ಅಳಿಸಿಹೋಗಿದ್ದು 2017ರಲ್ಲಿ, ಖಾಸಗಿತನದ ಹಕ್ಕಿನ ತೀರ್ಪಿನಲ್ಲಿ. ಆ ಕೇಸು ಹಾಕಿದವರು ನಮ್ಮ ಕರ್ನಾಟಕ ಹೈಕೋರ್ಟಿನ ನಿವೃತ್ತ ನ್ಯಾಯಮೂರ್ತಿ ಕೆ.ಎಸ್. ಪುಟ್ಟಸ್ವಾಮಿ!

ಅದೇ ಕಾಲದ ಇನ್ನೊಬ್ಬ ಅಪ್ಪನ ಕಥೆ ನನ್ನನ್ನು ಬಹಳ ಕಾಡುತ್ತೆ. ಟಿ.ವಿ. ಈಚರ ವಾರಿಯರ್, ಕಲ್ಲಿಕೋಟೆಯಲ್ಲಿ ಹಿಂದಿ ಪ್ರೊಫೆಸರ್. ಅವರ ಮಗ ರಾಜನ್ ಅಲ್ಲಿನ ರೀಜನಲ್ ಎಂಜಿನಿಯರಿಂಗ್ ಕಾಲೇಜಿನ ವಿದ್ಯಾರ್ಥಿ. 1976ರ ಮಾರ್ಚ್ 1ರಂದು ಪೊಲೀಸರು ಹಿಡಿದುಕೊಂಡು ಹೋದರು. ಅಪ್ಪ ಒಂದು ವರ್ಷ ಮಂತ್ರಿಗಳ ಮನೆ, ಪೊಲೀಸ್ ಕ್ಯಾಂಪು ಎಲ್ಲಾ ಸುತ್ತಿದರು. ತುರ್ತುಪರಿಸ್ಥಿತಿ ಮುಗಿದ ಕೂಡಲೇ, 1977ರ ಮಾರ್ಚಿನಲ್ಲಿ, ಕೇರಳ ಹೈಕೋರ್ಟಿನಲ್ಲಿ ಹೇಬಿಯಸ್ ಕಾರ್ಪಸ್ ಹಾಕಿದರು. ಮಗನನ್ನು ಹಾಜರುಪಡಿಸಿ ಅಂತ ಕೋರ್ಟು ಹೇಳಿತು. ಹಾಜರುಪಡಿಸಲು ಮಗ ಇರಲಿಲ್ಲ, ಕಕ್ಕಯಂ ಕ್ಯಾಂಪಿನಲ್ಲಿ ಸತ್ತುಹೋಗಿದ್ದ. ಆಗಷ್ಟೇ ಮುಖ್ಯಮಂತ್ರಿಯಾಗಿದ್ದ ಕರುಣಾಕರನ್ ಒಂದು ತಿಂಗಳಲ್ಲಿ ರಾಜೀನಾಮೆ ಕೊಡಬೇಕಾಯಿತು. ದೇಹ ಕೊನೆಗೂ ಸಿಗಲಿಲ್ಲ. ವಾರಿಯರ್ 2006ರಲ್ಲಿ ತೀರಿಕೊಂಡರು.

‘ನನ್ನ ಮಗ ಎಲ್ಲಿ?’ ಅಂತ ಒಬ್ಬ ಅಪ್ಪ ಸರ್ಕಾರವನ್ನೇ ಕೇಳುವ ದಾರಿ ಇದು. ಈಗ ಅದೇ ದಾರಿಯಲ್ಲಿ ನಮ್ಮ ದೊಡ್ಡಪ್ಪ.

ತಂಗಿಗೆ ಇಪ್ಪತ್ಮೂರು. ಬಿ.ಇ. ಮುಗಿಸಿ ಬೆಂಗಳೂರಿನ ಪಿ.ಜಿ.ಯಲ್ಲಿ ಇದ್ದುಕೊಂಡು ಕೆಲಸ ಹುಡುಕ್ತಿದ್ದಳು. ಹುಡುಗ ಶಿವಮೊಗ್ಗದವನು, ಆಸ್ಪತ್ರೆಯೊಂದರಲ್ಲಿ ಲ್ಯಾಬ್ ಟೆಕ್ನೀಷಿಯನ್. ಜಾತಿ ಬೇರೆ, ನಮ್ಮೂರಿನ ಲೆಕ್ಕದಲ್ಲಿ ‘ಕೆಳಗಿನದು’. ಮನೆಯಲ್ಲಿ ಹೇಳಿದಳು. ಒಂದು ಸಲ ಅಲ್ಲ, ಮೂರು ಸಲ ಹೇಳಿದಳು. ಮೂರನೇ ಸಲಕ್ಕೆ ದೊಡ್ಡಪ್ಪ ಬೇರೆ ಗಂಡು ನೋಡಿ ದಿನ ಗೊತ್ತು ಮಾಡಿದರು. ಆ ವಾರದಲ್ಲೇ ಅವರಿಬ್ಬರೂ ದೇವಸ್ಥಾನದಲ್ಲಿ ಮದುವೆಯಾಗಿ, ಸಬ್ ರಿಜಿಸ್ಟ್ರಾರ್ ಕಚೇರಿಯಲ್ಲಿ ನೋಂದಣಿ ಮಾಡಿಸಿ, ನೇರ ಪೊಲೀಸ್ ಸ್ಟೇಷನ್ನಿಗೆ ಹೋಗಿ ‘ನಾವು ವಯಸ್ಕರು, ನಮ್ಮಿಷ್ಟದಿಂದ ಮದುವೆಯಾಗಿದ್ದೇವೆ’ ಅಂತ ಬರೆದುಕೊಟ್ಟರು. ಅದೇ ದಿನ ರಾತ್ರಿ ನನಗೆ ಫೋನ್. ‘ಅಣ್ಣ, ನಾನು ಚೆನ್ನಾಗಿದ್ದೀನಿ. ಅಪ್ಪಂಗೆ ನೀನೇ ಹೇಳು. ಅಡ್ರೆಸ್ ಮಾತ್ರ ಕೊಡಬೇಡ.’

ನನಗೇ ಯಾಕೆ? ಮನೆಯಲ್ಲಿ ಬೆಂಗಳೂರು ಸೇರಿದ ಮೊದಲ ಮನುಷ್ಯ ನಾನು. ಇನ್ನೊಂದು ಕಾರಣವೂ ಇದೆ. ನನ್ನ ಎಂಜಿನಿಯರಿಂಗ್ ಫೀಸು ಕಟ್ಟಿದ್ದು ದೊಡ್ಡಪ್ಪ. ನಮ್ಮಪ್ಪನ ಕೈಲಿ ಆಗದಿದ್ದ ವರ್ಷ, ಸೀಟ್ ಸಿಕ್ಕಿ ಕಟ್ಟೋಕೆ ದುಡ್ಡಿಲ್ಲ ಅಂತ ಕೂತಿದ್ದಾಗ, ರೇಟ್ ಏರುತ್ತೆ ಅಂತ ಅಟ್ಟದ ಮೇಲೆ ಕಾಯಿಸಿಟ್ಟಿದ್ದ ಕೊಬ್ಬರಿಯನ್ನು ಬಂದ ರೇಟಿಗೆ ಮಾರಿ ದುಡ್ಡು ತಂದುಕೊಟ್ಟರು. ಅದರ ಬಗ್ಗೆ ಇವತ್ತಿನವರೆಗೂ ಒಂದು ಮಾತು ಆಡಿಲ್ಲ. ಹಾಗಾಗಿ ನಾನು ಅವರಿಗೆ ಫೋನ್ ಮಾಡಿ, ‘ದೊಡ್ಡಪ್ಪ, ಅವಳು ಚೆನ್ನಾಗಿದ್ದಾಳೆ, ಮಾತಾಡಿದೆ, ಮದುವೆ ಆಗಿದೆ, ಎಲ್ಲಿದ್ದಾಳೆ ಅಂತ ಮಾತ್ರ ಹೇಳೋಲ್ಲ’ ಅಂದೆ. ಆ ಕಡೆಯಿಂದ ಬಹಳ ಹೊತ್ತು ಮಾತಿಲ್ಲ. ಆಮೇಲೆ ‘ಹೂಂ ಕಣಪ್ಪ’ ಅಂದು ಇಟ್ಟುಬಿಟ್ಟರು.

ಮೂರು ದಿನಕ್ಕೆ ಕಾಣೆ ದೂರು ಕೊಟ್ಟರು. ಪೊಲೀಸರು ವಿಚಾರಿಸಿ, ‘ಹುಡುಗಿ ಮೇಜರ್, ಹೇಳಿಕೆ ಕೊಟ್ಟವ್ಳೆ, ನಾವೇನೂ ಮಾಡೋಕಾಗಲ್ಲ ಯಜಮಾನ್ರೇ’ ಅಂದರು. ಊರಿನಲ್ಲಿ ಇಂಥ ಹೊತ್ತಿನಲ್ಲಿ ಸಲಹೆ ಕೊಡೋರಿಗೆ ಬರವೇ? ಯಾರೋ ‘ಹೈಕೋರ್ಟಿಗೆ ಹೋದ್ರೆ ಎಳ್ಕೊಂಡ್ ಬತ್ತಾರೆ’ ಅಂದರು. ಇನ್ನ್ಯಾರೋ ವಕೀಲರ ನಂಬರ್ ಕೊಟ್ಟರು. ದೊಡ್ಡಪ್ಪ, ದೊಡ್ಡಮ್ಮ ಬಸ್ ಹತ್ತಿ ನನ್ನ ರೂಮಿಗೆ ಬಂದರು.

‘ದೊಡ್ಡಪ್ಪ, ಈ ಅರ್ಜಿ ನಿಲ್ಲೋಲ್ಲ. ಅವಳು ಹೋಗಲ್ಲ ಅಂದ್ರೆ ಮುಗೀತು’ ಅಂತ ಬಿಡಿಸಿ ಹೇಳಿದೆ. ‘ಗೊತ್ತು ಕಣ್ಲಾ. ನಂಗೆ ಇಂಗ್ಲೀಷ್ ಬರಕ್ಕಿಲ್ಲ, ನೀನು ಜೊತೇಲಿ ಬಾ ಅಷ್ಟೇ’ ಅಂದರು. ಹೋದೆ. ಅವಳು ಮಾಡಿದ್ದು ಸರಿ ಅಂತ ನನಗೆ ಅನುಮಾನವೇ ಇರಲಿಲ್ಲ, ಆದರೂ ಹೋದೆ. ಅವಳಿಗೂ ಫೋನ್ ಮಾಡಿ ಹೇಳಿದೆ, ನಾನು ಅಪ್ಪನ ಜೊತೆ ಕೋರ್ಟಿಗೆ ಬರ್ತೀನಿ ಅಂತ. ‘ಬಾ, ಅಪ್ಪ ಒಬ್ಬರೇ ಆಗ್ತಾರೆ’ ಅಂದಳು.

ವಕೀಲರ ಆಫೀಸಿನಲ್ಲಿ ಅಫಿಡವಿಟ್ ರೆಡಿಯಾಗಿತ್ತು. ಇಂಗ್ಲೀಷಿನಲ್ಲಿ, ಆರು ಪುಟ. ಸಹಿ ಹಾಕುವವರಿಗೆ ಅವರ ಭಾಷೆಯಲ್ಲಿ ಓದಿ ಹೇಳಬೇಕು ಅಂತ ನಿಯಮ ಇದೆ. ಆ ಕೆಲಸ ನನ್ನ ಪಾಲಿಗೆ ಬಂತು. ಒಂದೊಂದೇ ಪ್ಯಾರಾ ಕನ್ನಡಕ್ಕೆ ತಂದು ಹೇಳ್ತಾ ಹೋದೆ. ಹೆಸರು, ವಯಸ್ಸು, ಊರು, ‘ಕೃಷಿಕ’ ಎಲ್ಲಾ ಆಯ್ತು. ನಾಲ್ಕನೇ ಪುಟದಲ್ಲಿ ‘ಸದರಿ ನನ್ನ ಮಗಳನ್ನು ನಾಲ್ಕನೇ ಪ್ರತಿವಾದಿಯು ಅಕ್ರಮ ಬಂಧನದಲ್ಲಿ ಇರಿಸಿರುತ್ತಾನೆ’ ಅಂತ ಬಂತು. ದೊಡ್ಡಪ್ಪ ಕೈ ಎತ್ತಿ ನಿಲ್ಲಿಸಿದರು.

‘ಹಂಗಂದ್ರೆ? ಕೂಡಾಕವ್ನೆ ಅಂತಲಾ?’

‘ಹೌದು ದೊಡ್ಡಪ್ಪ.’

‘ನಾನು ಹಂಗೆ ಹೇಳಿಲ್ವಲ್ಲ. ಅವನ ಮ್ಯಾಲೆ ನಂಗೆ ಸಿಟ್ಟೈತೆ. ಆದ್ರೆ ಕೂಡಾಕವ್ನೆ ಅಂತ ಹೆಂಗೆ ಹೇಳ್ಲಿ, ಅವಳು ನಿಂಗೇ ಫೋನ್ ಮಾಡವ್ಳಲ್ಲ?’

ವಕೀಲರು ತಾಳ್ಮೆಯಿಂದಲೇ ಹೇಳಿದರು, ಹಾಗೆ ಬರೆಯದಿದ್ದರೆ ಇದು ಹೇಬಿಯಸ್ ಕಾರ್ಪಸ್ ಆಗೋದೇ ಇಲ್ಲ ಅಂತ. ಸರಿಯೇ. ಆ ಸಾಲಿಲ್ಲದೆ ಅರ್ಜಿಗೆ ಆಧಾರವೇ ಇಲ್ಲ. ದೊಡ್ಡಪ್ಪ ಕಿಟಕಿ ಕಡೆ ನೋಡ್ತಾ ಕೂತರು. ದೊಡ್ಡಮ್ಮ ಸೆರಗಿನ ತುದಿ ತಿರುವುತ್ತಾ ಇದ್ದರು. ಕೊನೆಗೆ ‘ಒಂದ್ಸಲ ಅವಳ ಮುಖ ನೋಡ್ಬೇಕು. ಅದಕ್ಕೆ ಏನು ಬರೀಬೇಕೋ ಬರ್ಕಳಿ’ ಅಂದು ಸಹಿ ಹಾಕಿದರು. ಸಹಿ ಹಾಕುವಾಗ ಅವರ ಅಕ್ಷರ ಯಾವಾಗಲೂ ದುಂಡಗೆ ಇರುತ್ತೆ. ಅವತ್ತೂ ದುಂಡಗೇ ಇತ್ತು.

ಈ ಸಾಲಿನ ಬಗ್ಗೆ ಆಮೇಲೆ ಬಹಳ ಯೋಚನೆ ಮಾಡಿದ್ದೀನಿ. ಪೇಪರಿನ ಆ ಎಂಟು ಸಾಲಿನ ಸುದ್ದಿಗಳ ಹಿಂದೆ ಎಷ್ಟೋ ಅಪ್ಪಂದಿರು ಇದೇ ಸಾಲಿಗೆ ಸಹಿ ಹಾಕಿರ್ತಾರೆ. ಕೆಲವರು ನಿಜಕ್ಕೂ ನಂಬಿ, ಕೆಲವರು ಸಿಟ್ಟಿನಿಂದ, ಕೆಲವರು ಮುಖ ನೋಡುವ ಆಸೆಯಿಂದ. ‘ಮಗಳು ನನ್ನ ಜೊತೆ ಮಾತು ಬಿಟ್ಟಿದ್ದಾಳೆ’ ಅಂತ ಹಾಕೋಕೆ ಯಾವ ರಿಟ್ಟೂ ಇಲ್ಲ ನೋಡಿ.

ಇನ್ನೊಂದು ಕಾಗದವೂ ಬೇಕಿತ್ತು. ಹುಡುಗಿಯ ವಯಸ್ಸಿನ ದಾಖಲೆ. ದೊಡ್ಡಪ್ಪ ಬೀರುವಿನಿಂದ ಅವಳ ಎಸ್ಸೆಸ್ಸೆಲ್ಸಿ ಮಾರ್ಕ್ಸ್ ಕಾರ್ಡ್ ತಂದಿದ್ದರು. ಅದರಲ್ಲಿರುವ ಹುಟ್ಟಿದ ತಾರೀಕೇ ಅವರ ಅರ್ಜಿಯನ್ನು ಬೀಳಿಸೋದು. 1875ರ ವಯಸ್ಕತನದ ಕಾಯ್ದೆ ಪ್ರಕಾರ 18 ತುಂಬಿದರೆ ಮುಗೀತು. ಹುಡುಗಿಯ ಮದುವೆಗೂ 18. (ಅದನ್ನು 21ಕ್ಕೆ ಏರಿಸುವ ಮಸೂದೆ 2021ರ ಡಿಸೆಂಬರಿನಲ್ಲಿ ಲೋಕಸಭೆಗೆ ಬಂದಿತ್ತು, ಪಾಸಾಗದೆ 2024ರಲ್ಲಿ ಆ ಲೋಕಸಭೆಯ ಜೊತೆಗೇ ಬಿದ್ದುಹೋಯಿತು.)

ಕೋರ್ಟಿನ ದಿನ. ವಿಧಾನಸೌಧದ ಎದುರಿನ ಆ ಕೆಂಪು ಕಟ್ಟಡವನ್ನು ಬಸ್ಸಿನಿಂದ ಸಾವಿರ ಸಲ ನೋಡಿದ್ದೆ. ಒಳಗೆ ಹೋಗಿದ್ದು ಅವತ್ತೇ. ತಂಗಿ ಶಿವಮೊಗ್ಗದಿಂದ ಬಂದಿದ್ದಳು, ಜೊತೆಗೆ ಒಬ್ಬರು ಮಹಿಳಾ ಕಾನ್‌ಸ್ಟೇಬಲ್. ಅಲ್ಲಿ ಒಂದು ಸಣ್ಣ ಕಂಪನಿಯಲ್ಲಿ ಅವಳಿಗೆ ಕೆಲಸ ಸಿಕ್ಕಿ ಹನ್ನೆರಡು ದಿನ ಆಗಿತ್ತಷ್ಟೇ. ಹನ್ನೆರಡನೇ ದಿನಕ್ಕೆ ‘ಪೊಲೀಸರ ಜೊತೆ ಹೈಕೋರ್ಟಿಗೆ ಹೋಗಬೇಕು, ರಜೆ ಕೊಡಿ’ ಅಂತ ಮ್ಯಾನೇಜರಿಗೆ ಹೇಳಬೇಕಾದ ಪರಿಸ್ಥಿತಿ ಊಹಿಸಿಕೊಳ್ಳಿ. ನಾವು ಅಪ್ರೈಸಲ್ ದಿನ ರಜೆ ಕೇಳೋಕೇ ಹೆದರ್ತೀವಿ.

ವಿಭಾಗೀಯ ಪೀಠ, ಇಬ್ಬರು ನ್ಯಾಯಮೂರ್ತಿಗಳು. ಹೆಸರು ಕೇಳಿದರು, ವಯಸ್ಸು ಕೇಳಿದರು, ಏನು ಓದಿದ್ದೀಯಮ್ಮ ಅಂದರು. ಯಾರಾದರೂ ಬಲವಂತ ಮಾಡಿದ್ದಾರಾ ಅಂದರು. ‘ಇಲ್ಲ’. ಅಪ್ಪ-ಅಮ್ಮನ ಜೊತೆ ಹೋಗ್ತೀಯಾ? ‘ಇಲ್ಲ’. ಎರಡನೇ ‘ಇಲ್ಲ’ ಹೇಳುವಾಗ ದೊಡ್ಡಪ್ಪನ ಕಡೆ ನೋಡಲಿಲ್ಲ. ಒಟ್ಟು ಐದು ನಿಮಿಷ ಆಗಿರಬಹುದು. ಹೆತ್ತವರು ಬೇಕಾದರೆ ಸ್ವಲ್ಪ ಹೊತ್ತು ಮಾತಾಡಲಿ, ಅವಳು ಒಪ್ಪಿದರೆ ಮಾತ್ರ ಅಂದರು. ಒಪ್ಪಿದಳು.

ಅವರು ಮೂವರೂ ಒಳಗೆ. ನಾನು ಕಾರಿಡಾರಿನಲ್ಲಿ ಆ ಹುಡುಗನ ಪಕ್ಕ. ಇಸ್ತ್ರಿ ಮಾಡಿದ ಬಿಳಿ ಅಂಗಿ ಹಾಕಿದ್ದ, ಬೆನ್ನೆಲ್ಲಾ ಒದ್ದೆ. ‘ಸರ್, ಅವಳನ್ನ ಕಳಿಸಿಬಿಡ್ತಾರಾ?’ ಅಂದ. ಇಲ್ಲಪ್ಪ, ಹಾಗೆ ಕಳಿಸೋಕೆ ಬರೋದಿಲ್ಲ ಅಂದೆ. ನಂಬಲಿಲ್ಲ ಅನ್ಸುತ್ತೆ, ಐದು ನಿಮಿಷ ಬಿಟ್ಟು ಮತ್ತೆ ಅದನ್ನೇ ಕೇಳಿದ.

ಒಳಗೆ ಏನು ಮಾತಾಯ್ತು ಅಂತ ಇಬ್ಬರೂ ಪೂರ್ತಿ ಹೇಳಿಲ್ಲ. ಕೊನೆಯದು ಮಾತ್ರ ಗೊತ್ತು, ಬಾಗಿಲಲ್ಲೇ ಆಯ್ತು. ತಂಗಿ ಕೇಳಿದಳು, ‘ಅಪ್ಪ, ನನ್ನ ಮಾರ್ಕ್ಸ್ ಕಾರ್ಡುಗಳು ಬೇಕಿತ್ತು. ಆಫೀಸಲ್ಲಿ ಒರಿಜಿನಲ್ ಕೇಳ್ತಿದ್ದಾರೆ.’ ದೊಡ್ಡಪ್ಪ ಕೈಲಿದ್ದ ಪ್ಲಾಸ್ಟಿಕ್ ಕವರನ್ನು ಕಂಕುಳಿಗೆ ಒತ್ತಿ ಹಿಡಿದುಕೊಂಡು ‘ಮನೇಗೆ ಬಂದು ತಗಂಡೋಗು’ ಅಂದರು. ‘ಇಬ್ಬರೂ ಬರಬಹುದಾ?’ ಅಂದಳು. ದೊಡ್ಡಪ್ಪ ಮೆಟ್ಟಿಲು ಇಳಿಯೋಕೆ ಶುರು ಮಾಡಿದ್ದರು.

ಅರ್ಜಿ ವಿಲೇವಾರಿ. ಯಾವ ಪೇಪರಿನಲ್ಲೂ ಬರಲಿಲ್ಲ, ಸದ್ಯ!

ಆಮೇಲೆ ಕೆಲವು ದಿನ ರಾತ್ರಿ ಕೂತು ಹಳೆಯ ತೀರ್ಪುಗಳನ್ನು ಓದಿದೆ. ಕಾನೂನು ಒಂದೇ ಸಾಲಿನದ್ದು, ಅದನ್ನು ಜಾರಿಗೆ ತರುವುದರಲ್ಲಿ ಮಾತ್ರ ಎಷ್ಟೊಂದು ತಿರುವು ಅಂತ ಆಶ್ಚರ್ಯ ಆಯ್ತು. 1976ರಲ್ಲೇ, ದೆಹಲಿಯ ನಾರಿ ನಿಕೇತನದಲ್ಲಿ ಇಟ್ಟಿದ್ದ ಜ್ಞಾನದೇವಿ ಎಂಬಾಕೆಯ ಕೇಸಿನಲ್ಲಿ, 18 ದಾಟಿದವಳನ್ನು ಅವಳ ಇಷ್ಟಕ್ಕೆ ವಿರುದ್ಧವಾಗಿ ಇಟ್ಟುಕೊಳ್ಳುವಂತಿಲ್ಲ ಅಂತ ಸುಪ್ರೀಂ ಕೋರ್ಟು ಹೇಳಿತ್ತು. 2006ರಲ್ಲಿ ಲತಾ ಸಿಂಗ್ ಕೇಸು. ಮಗಳು ಬೇರೆ ಜಾತಿಯವನನ್ನು ಮದುವೆಯಾದರೆ ಹೆಚ್ಚೆಂದರೆ ನೀವು ಸಂಬಂಧ ಕಡಿದುಕೊಳ್ಳಬಹುದು, ಬೆದರಿಸುವ ಹೊಡೆಯುವ ಹಕ್ಕಿಲ್ಲ ಅಂತ ತೀರ್ಪು. 2018ರ ಜನವರಿಯಲ್ಲಿ ಇನ್ನೊಂದು ಕೇಸು, ಕುವೈತ್‌ನಲ್ಲಿರುವ ಅಪ್ಪನ ಜೊತೆ ಇರ್ತೀನಿ ಅಂದ 18 ತುಂಬಿದ ಮಗಳಿಗಾಗಿ ಅಮ್ಮ ಹಾಕಿದ್ದ ಅರ್ಜಿ. ವಯಸ್ಕರ ವಿಷಯದಲ್ಲಿ ಕೋರ್ಟು ‘ಸೂಪರ್ ಗಾರ್ಡಿಯನ್’ ಆಗೋಕೆ ಬರೋದಿಲ್ಲ ಅಂದರು.

ಇಷ್ಟೆಲ್ಲಾ ಇದ್ದೂ ಹಾದಿಯಾ ಪ್ರಕರಣ ನಡೆಯಿತು. ಕೇರಳದ ವೈಕಂನ ಹುಡುಗಿ, ಸೇಲಂನಲ್ಲಿ ಹೋಮಿಯೋಪಥಿ ಓದ್ತಿದ್ದವಳು. ಮತಾಂತರವಾಗಿದ್ದಳು. ಅಪ್ಪ 2016ರ ಜನವರಿಯಲ್ಲಿ ಮೊದಲ ಹೇಬಿಯಸ್ ಕಾರ್ಪಸ್ ಹಾಕಿದರು, ಬಿದ್ದುಹೋಯಿತು. ಆಗಸ್ಟಿನಲ್ಲಿ ಎರಡನೆಯದು. ಅದು ನಡೀತಿರುವಾಗಲೇ ಡಿಸೆಂಬರಿನಲ್ಲಿ ಮದುವೆ. 2017ರ ಮೇ 24ರಂದು ಕೇರಳ ಹೈಕೋರ್ಟು ಆ ಮದುವೆಯನ್ನೇ ಅನೂರ್ಜಿತ ಅಂದು, ಇಪ್ಪತ್ತನಾಲ್ಕು ವರ್ಷದ ಹೆಣ್ಣುಮಗಳನ್ನು ಅಪ್ಪನ ಮನೆಗೆ ಕಳಿಸಿತು. ‘ಇವಳು ಬಂಧನದಲ್ಲಿದ್ದಾಳಾ’ ಅಂತ ಕೇಳೋಕೆ ಇದ್ದ ಅರ್ಜಿಯಿಂದಲೇ ಬಂಧನ ಶುರುವಾಯ್ತು ನೋಡಿ. ಆರು ತಿಂಗಳು ಪೊಲೀಸ್ ಕಾವಲಿನಲ್ಲಿ ಮನೆಯೊಳಗೆ. ಆ ಮದುವೆಯ ಬಗ್ಗೆ ಎನ್‌ಐಎ ತನಿಖೆ ಬೇರೆ. 2017ರ ನವೆಂಬರ್ 27ರಂದು ಸುಪ್ರೀಂ ಕೋರ್ಟಿನಲ್ಲಿ ನಿಂತು ನನಗೆ ಸ್ವಾತಂತ್ರ್ಯ ಬೇಕು ಅಂದಳು. ಓದು ಮುಗಿಸೋಕೆ ಸೇಲಂಗೆ ಕಳಿಸಿದರು. ಮದುವೆ ಊರ್ಜಿತ ಅಂತ ಆಗಿದ್ದು 2018ರ ಮಾರ್ಚ್ 8ರಂದು. ಹೇಬಿಯಸ್ ಕಾರ್ಪಸ್‌ನಲ್ಲಿ ಮದುವೆ ರದ್ದು ಮಾಡುವ ಅಧಿಕಾರವೇ ಇಲ್ಲ ಅಂತ ಸುಪ್ರೀಂ ಕೋರ್ಟು ಸ್ಪಷ್ಟವಾಗಿ ಹೇಳಿತು. ಬೂಲಿಯನ್ ಫಂಕ್ಷನ್ನು ಬೇರೆ ಏನೋ ರಿಟರ್ನ್ ಮಾಡೋಕೆ ಹೋದರೆ ಆಗುವ ಅನಾಹುತ ಇದು.

ನಮ್ಮ ಹೈಕೋರ್ಟಿನ ಮೂರು ಸಂದರ್ಭ ಹೇಳ್ತೀನಿ. 2011ರಲ್ಲಿ ಒಂದು ವಿಭಾಗೀಯ ಪೀಠ, 21 ತುಂಬದ ಹುಡುಗಿಯರಿಗೆ ಸರಿಯಾದ ಗಂಡನ್ನು ಆರಿಸುವ ವಿವೇಚನೆ ಇರೋದಿಲ್ಲ, ಪ್ರೇಮವಿವಾಹಕ್ಕೆ ಹೆತ್ತವರ ಒಪ್ಪಿಗೆ ಬೇಕು ಅಂತ ಕಾನೂನು ಆಗಬೇಕು ಅಂತ ಅಭಿಪ್ರಾಯಪಟ್ಟಿತ್ತು. 2020ರ ನವೆಂಬರಿನಲ್ಲಿ ಇನ್ನೊಂದು ಪೀಠ. ಹುಡುಗ ಹುಡುಗಿ ಇಬ್ಬರೂ ನಮ್ಮಂತೆ ಸಾಫ್ಟ್‌ವೇರ್ ಎಂಜಿನಿಯರುಗಳು, ಧರ್ಮ ಬೇರೆ. ಹುಡುಗಿ ಬೆಂಗಳೂರಿನ ಒಂದು ಮಹಿಳಾ ಆಶ್ರಯ ಸಂಸ್ಥೆಯಲ್ಲಿದ್ದಳು, ಹೊರಗೆ ಬರೋಕೆ ಆಗಿರಲಿಲ್ಲ. ಅಲ್ಲಿ ಅರ್ಜಿ ಹಾಕಿದ್ದು ಹುಡುಗ! ವಯಸ್ಕರು ಇಷ್ಟಪಟ್ಟವರನ್ನು ಮದುವೆಯಾಗುವುದು ಮೂಲಭೂತ ಹಕ್ಕು, ಜಾತಿ-ಧರ್ಮದ ಕಾರಣಕ್ಕೆ ಅದನ್ನು ಕಿತ್ತುಕೊಳ್ಳುವಂತಿಲ್ಲ ಅಂತ ಹೇಳಿ ಅವಳನ್ನು ಬಿಡಿಸಿದರು. 2022ರ ಜೂನ್‌ನಲ್ಲಿ ಮಗದೊಂದು. ಮಗಳು ಎಂಜಿನಿಯರಿಂಗ್ ವಿದ್ಯಾರ್ಥಿನಿ, ಮದುವೆಯಾದ ಹುಡುಗ ಡ್ರೈವರ್, ಅಪ್ಪನ ಅರ್ಜಿ. ಅವಳು ವಯಸ್ಕಳು ಅಂತ ಅರ್ಜಿಯೇನೋ ವಜಾ ಆಯ್ತು. ಆದರೆ ಜೊತೆಗೆ, ಹೆತ್ತವರ ತ್ಯಾಗದ ಬಗ್ಗೆ, ನೀನು ಇವತ್ತು ಅವರಿಗೆ ಮಾಡಿದ್ದನ್ನು ನಾಳೆ ನಿನ್ನ ಮಕ್ಕಳು ನಿನಗೆ ಮಾಡಬಹುದು ಅನ್ನುವ ಅರ್ಥದಲ್ಲಿ, ಮನುಸ್ಮೃತಿಯನ್ನೂ ಸೇರಿಸಿ ಬುದ್ಧಿಮಾತು ಬಂತು.

ಆ ಬುದ್ಧಿಮಾತು ಓದಿದಾಗ ನನಗೆ ಕಸಿವಿಸಿ ಆಯ್ತು. ಹೆತ್ತವರ ತ್ಯಾಗ ಸುಳ್ಳಲ್ಲ. ನನ್ನ ಡಿಗ್ರಿಯೇ ಅಟ್ಟದ ಮೇಲಿನ ಕೊಬ್ಬರಿ. ಆದರೆ ಆ ಸಾಲವನ್ನು ಯಾವ ರೂಪದಲ್ಲಿ ತೀರಿಸಬೇಕು ಅಂತ ಹೇಳುವುದು ನ್ಯಾಯಪೀಠದ ಕೆಲಸ ಅಲ್ಲ ಅನ್ಸುತ್ತೆ. ಪೊಲೀಸರ ಜೊತೆ ಬಂದು, ಅಪರಿಚಿತರ ಮುಂದೆ ನಿಂತ ಹುಡುಗಿಗೆ ಅಲ್ಲಿ ಉತ್ತರ ಕೊಡುವ ಅವಕಾಶವೂ ಇರೋದಿಲ್ಲ. ನಮ್ಮ ಕೇಸಿನ ನ್ಯಾಯಮೂರ್ತಿಗಳು ಒಂದು ಬುದ್ಧಿಮಾತನ್ನೂ ಹೇಳಲಿಲ್ಲ. ಅದಕ್ಕೆ ತಂಗಿ ಇವತ್ತಿಗೂ ಕೈ ಮುಗೀತಾಳೆ.

2024ರ ಮಾರ್ಚ್ 11ರಂದು ಸುಪ್ರೀಂ ಕೋರ್ಟು ಈ ಬಗ್ಗೆ ಹೈಕೋರ್ಟುಗಳಿಗೆ ಮಾರ್ಗಸೂಚಿಯನ್ನೇ ಕೊಟ್ಟಿದೆ. ಕೇರಳದಿಂದ ಹೋದ ಕೇಸು, ತನ್ನ ಸಂಗಾತಿಯನ್ನು ಮನೆಯವರು ಇಟ್ಟುಕೊಂಡಿದ್ದಾರೆ ಅಂತ ಹೆಣ್ಣೊಬ್ಬಳು ಹಾಕಿದ್ದು. ಇಂಥ ಅರ್ಜಿಗಳನ್ನು ಮುಂದೂಡಬೇಡಿ, ಆ ವ್ಯಕ್ತಿಯ ಜೊತೆ ಖಾಸಗಿಯಾಗಿ ನೇರ ಮಾತಾಡಿ, ಮನೆಯವರ ಒತ್ತಡ ಇಲ್ಲದ ಜಾಗದಲ್ಲಿ ಅವರ ಇಷ್ಟ ತಿಳಿಯಿರಿ, ಕೌನ್ಸೆಲಿಂಗ್ ಹೆಸರಿನಲ್ಲಿ ಮನಸ್ಸು ತಿರುಗಿಸೋಕೆ ಹೋಗಬೇಡಿ ಅಂತೆಲ್ಲಾ ಇದೆ. ಓದೋಕೆ ಸಣ್ಣ ವಿಷಯಗಳು. ಕಾರಿಡಾರಿನಲ್ಲಿ ನಿಂತು ನೋಡಿದವರಿಗೆ ಗೊತ್ತು ಅವು ಎಷ್ಟು ದೊಡ್ಡವು ಅಂತ.

ಹಾಗಂತ ಅಪ್ಪ-ಅಮ್ಮಂದಿರ ಅರ್ಜಿಯೆಲ್ಲಾ ಸುಳ್ಳು ಅಂತ ನಾನು ಹೇಳ್ತಿಲ್ಲ. ಮಗಳಿಗೆ 18 ತುಂಬಿಲ್ಲದಿದ್ದರೆ, ಮೋಸದಿಂದ ಸಾಗಿಸಿದ್ದರೆ, ಒಂದು ಫೋನೂ ಇಲ್ಲದೆ ನಿಜಕ್ಕೂ ಕಾಣೆಯಾಗಿದ್ದರೆ ಈ ರಿಟ್ ಬೇಕೇ ಬೇಕು. ಬೇಗ ಬೇಕು. ಅದಕ್ಕೇ ಅಲ್ವಾ, ಎಲ್ಲಿದ್ದಾಳೆ ಹೇಗಿದ್ದಾಳೆ ಅಂತ ಗೊತ್ತಿರುವವರ ಅರ್ಜಿಗಳು ಅದೇ ಸರತಿಯಲ್ಲಿ ನಿಂತರೆ ತೊಂದರೆ?

ತಿಪಟೂರಿನ ಮನೆಯ ವಿಷಯ ಹೇಳಿಬಿಡ್ತೀನಿ. ಗೌರಿ ಹಬ್ಬಕ್ಕೆ ಮುಂಚೆ ದೊಡ್ಡಮ್ಮ ನನಗೆ ಫೋನ್ ಮಾಡಿ, ಶಿವಮೊಗ್ಗಕ್ಕೆ ಹೋಗೋದಿದ್ರೆ ಹೇಳು ಅಂದರು. ಹೋಗೋದಿರಲಿಲ್ಲ. ಇದೆ ಅಂದೆ. ಬಾಗಿನ ಕೊಟ್ಟು ಕಳಿಸಿದರು. ಮೊರ, ಅರಿಶಿನ-ಕುಂಕುಮ, ಬಳೆ, ಒಂದು ಸೀರೆ, ಒಂದು ಚೀಲ ಕೊಬ್ಬರಿ. ದೊಡ್ಡಪ್ಪ ಜಗಲಿಯಲ್ಲೇ ಕೂತಿದ್ದರು. ಚೀಲ ಎತ್ತಿಕೊಂಡು ಹೊರಟಾಗ ‘ಬಸ್ಸಲ್ಲಿ ಮ್ಯಾಲೆ ಹಾಕ್ಬೇಡ, ಕಾಲತ್ರನೇ ಇಟ್ಕೋ’ ಅಂದರು, ಅಷ್ಟೇ. ಮಾರ್ಕ್ಸ್ ಕಾರ್ಡ್ ಅದರಲ್ಲಿ ಇರಲಿಲ್ಲ. ತಂಗಿ ಚೀಲದ ತಳದವರೆಗೂ ಹುಡುಕಿದಳು. ಈಗ ಡೂಪ್ಲಿಕೇಟಿಗೆ ಅರ್ಜಿ ಹಾಕಿದ್ದಾಳೆ.

ಇದನ್ನು ಓದುವವರಲ್ಲಿ ನನ್ನ ವಯಸ್ಸಿನವರೇ ಜಾಸ್ತಿ. ಯಾರ ಮನೆಯಲ್ಲಾದರೂ ನಾಳೆ ಇಂಥ ಫೋನ್ ಬರಬಹುದು. ನೋಡಿ ಕಲಿತ ಮೂರು ಮಾತು ಹೇಳಿ ಮುಗಿಸ್ತೀನಿ.

ಮನೆ ಬಿಡಲೇಬೇಕಾದವರು ಮಾರ್ಕ್ಸ್ ಕಾರ್ಡು, ಆಧಾರು, ಹುಟ್ಟಿದ ತಾರೀಕಿನ ದಾಖಲೆಯ ಒರಿಜಿನಲ್‌ಗಳನ್ನು ಮೊದಲೇ ಜೊತೆಯಲ್ಲಿ ಇಟ್ಟುಕೊಳ್ಳಿ. ಮದುವೆಯಾದ ದಿನವೇ ಪೊಲೀಸರಿಗೆ ಬರವಣಿಗೆಯಲ್ಲಿ ಹೇಳಿಕೆ ಕೊಟ್ಟು ಸ್ವೀಕೃತಿ ತಗೊಳ್ಳಿ. ಜೀವಭಯ ಇದ್ದರೆ, ಪ್ರತಿ ಜಿಲ್ಲೆಯಲ್ಲೂ ವಿಶೇಷ ಘಟಕ, 24 ಗಂಟೆಯ ಸಹಾಯವಾಣಿ ಇರಬೇಕು ಅಂತ 2018ರ ಶಕ್ತಿವಾಹಿನಿ ತೀರ್ಪಿನಲ್ಲಿ ಸುಪ್ರೀಂ ಕೋರ್ಟು ಹೇಳಿದೆ. ಎಸ್‌ಪಿ ಕಚೇರಿಯಲ್ಲಿ ಅದನ್ನು ಹೆಸರು ಹಿಡಿದು ಕೇಳಿ.

ಅಪ್ಪ-ಅಮ್ಮಂದಿರಿಗೆ ನೀವು ಹೇಳಬೇಕಾಗಿ ಬಂದರೆ ಇಷ್ಟು ಹೇಳಿ. ಮಗಳು ಕ್ಷೇಮವಾ ಅಂತ ತಿಳಿಯೋದಷ್ಟೇ ಬೇಕಿದ್ದರೆ ಪೊಲೀಸ್ ಸ್ಟೇಷನ್ನಿನಲ್ಲೇ ಆಗುತ್ತೆ. ಮುಖ ನೋಡಬೇಕು ಅಂತಿದ್ದರೆ ನಡುವೆ ಒಬ್ಬ ಮನುಷ್ಯನನ್ನು ಹುಡುಕಿ, ಹೈಕೋರ್ಟನ್ನಲ್ಲ.

ಮತ್ತೆ ಆ ನಡುವಿನ ಮನುಷ್ಯ ನೀವೇ ಆದರೆ, ಎರಡೂ ಕಡೆಯವರ ಫೋನ್ ಎತ್ತಿ. ಅಡ್ರೆಸ್ ಮಾತ್ರ ಕೊಡಬೇಡಿ.